ಆ ಬೆಳಕು ಎಲ್ಲಿಂದ ಬಂತು ಮಾರಾಯ್ರೇ?

ಹಿಂದಿ ಸಿನಿಮಾದ ಕ್ಯಾಮೆರಾಮ್ಯಾನ್ ಬಗ್ಗೆ ಡೊಂಬಿವಿಲಿಯಿಂದ ನೀವು ಕಳಿಸಿದ ‘ಬೆಳಕಿನ ಮಾಂತ್ರಿಕ ವಿ.ಕೆ. ಮೂರ್ತಿ’ ಲೇಖನ ಓದಿದೆ. ಭಾಷೆ ಚೆನ್ನಾಗುಂಟು, ಕಾಗುಣಿತದ ತಪ್ಪು ಕಮ್ಮಿ, ಇಲ್ಲೇ ಮುಂಬಯಿ ಕಡೆ ಹುಟ್ಟಿ ಬೆಳೆದವರು ಇಷ್ಟು ಕನ್ನಡ ಬರೆಯೋದು ಖುಷಿ. ಹೊಗಳಿದ್ದು ಇಷ್ಟು ಸಾಕು.

ಎರಡನೇ ಪುಟ ತೆಗೀರಿ. “ಗುರುದತ್ ಕಣ್ಣಿಗೆ ಬಿದ್ದದ್ದೇ ತಡ, ಮೈಸೂರಿನ ಹುಡುಗನ ಅದೃಷ್ಟ ಖುಲಾಯಿಸಿತು.” ಎಂತ ಖುಲಾಯಿಸೋದು? ಆ ಮನುಷ್ಯ ಬೆಂಗಳೂರಿನ ಪಾಲಿಟೆಕ್ನಿಕ್‌ನಲ್ಲಿ ಸಿನಿಮಾಟೋಗ್ರಫಿ ಕಲಿತು ಬಂದು ಇಲ್ಲಿ ವರ್ಷಗಟ್ಟಲೆ ಬೇರೆಯವರ ಕೈಕೆಳಗೆ ದುಡಿದವರು, ಗುರುದತ್ ನಿರ್ದೇಶಿಸಿದ 1951ರ ‘ಬಾಜಿ’ ಸಿನಿಮಾದಲ್ಲೂ ಅಸಿಸ್ಟೆಂಟೇ, ಕ್ಯಾಮೆರಾಮ್ಯಾನ್ ವಿ. ರಾತ್ರಾ. ಒಂದು ಕಷ್ಟದ ಶಾಟ್ ಹೀಗೆ ತೆಗೀಬಹುದು ಅಂತ ತಾವೇ ಹೇಳಿ ತೆಗೆದು ತೋರಿಸಿದ್ದಕ್ಕೆ ಮುಂದಿನ ವರ್ಷ ಗುರುದತ್ ಅವರ ‘ಜಾಲ್’ಗೆ ಕ್ಯಾಮೆರಾಮ್ಯಾನ್ ಕೆಲಸ ಸಿಕ್ಕಿದ್ದು. ಅದನ್ನ ಲಾಟರಿ ಹೊಡೆದ ಹಾಗೆ ಬರೆದ್ರೆ ನನಗೆ ಸಿಟ್ಟು ಬರ್ತದೆ.

ಮೂರನೇ ಪುಟ ಇನ್ನೂ ಕಷ್ಟ. ‘ಕಾಗಜ್ ಕೆ ಫೂಲ್’ ಸಿನಿಮಾದ ‘ವಕ್ತ್ ನೆ ಕಿಯಾ’ ಹಾಡಿನ ಬಗ್ಗೆ, “ಸ್ವರ್ಗದಿಂದ ಇಳಿದಂತಿದ್ದ ಕಿರಣದಲ್ಲಿ ಮೂರ್ತಿಯವರು ಕವಿತೆ ಬರೆದರು.” ಸ್ವರ್ಗದಿಂದ ಇಳಿದದ್ದಲ್ಲ, ಕನ್ನಡಿಯಿಂದ! ಒಂದು ದೊಡ್ಡ ಕನ್ನಡಿ ಹೊರಗೆ ಬಿಸಿಲಲ್ಲಿ, ಇನ್ನೊಂದು ಸ್ಟುಡಿಯೋ ಒಳಗೆ ಮೇಲೆ, ಹೊರಗಿನ ಬಿಸಿಲನ್ನ ಅದಕ್ಕೆ ಹೊಡೆಸಿ ಕೆಳಗೆ ಇಳಿಸಿದ್ದು. ಸ್ಟುಡಿಯೋ ಲೈಟು ಹಾಕಿದ್ರೆ ಬೀಸಣಿಗೆ ಥರ ಹರಡ್ತದೆ, ಸೂರ್ಯನ ಕಿರಣ ಕಂಬ ನಿಲ್ಲಿಸಿದ ಹಾಗೆ ನೆಟ್ಟಗೆ ಬರ್ತದೆ, ಅದೂ ಗಾಳಿಯಲ್ಲಿ ಧೂಳೋ ಹೊಗೆಯೋ ಇದ್ರೆ ಮಾತ್ರ ಕಣ್ಣಿಗೆ ಕಾಣ್ತದೆ. ಇದನ್ನ ಬರೆದಿದ್ರೆ ‘ಮಾಂತ್ರಿಕ’ ಅಂತ ಹನ್ನೊಂದು ಸಲ ಹೇಳೋದು ಬೇಕಿತ್ತಾ? (ಹೌದು, ಲೆಕ್ಕ ಹಾಕಿದೆ.)

ಈ ಪೇಪರ್ ಕೆಲಸಕ್ಕೆ ಬರೋ ಮೊದಲು ನಾನು ಮೂರು ವರ್ಷ ಕ್ಯಾಮೆರಾ ಡಿಪಾರ್ಟ್‌ಮೆಂಟಲ್ಲಿ ತೀರಾ ಕೊನೆಯ ಅಸಿಸ್ಟೆಂಟ್. ನಾನೂರು ಅಡಿ ಫಿಲ್ಮ್ ರೋಲು ನಾಲ್ಕೂವರೆ ನಿಮಿಷಕ್ಕೆ ಖಾಲಿ, ಮ್ಯಾಗಜೀನ್ ಅಂದ್ರೆ ಕ್ಯಾಮೆರಾದ ಫಿಲ್ಮ್ ಡಬ್ಬಿ ತುಂಬಿಸೋದೇ ಕೆಲಸ. ಗೋವಾದಲ್ಲಿ ಒಂದಿನ ಆಳು ಕಮ್ಮಿ ಅಂತ ಬೆಳ್ಳಿ ಹಾಳೆ ಅಂಟಿಸಿದ ರಿಫ್ಲೆಕ್ಟರ್ ಹಿಡಿಯೋಕೆ ನಿಲ್ಲಿಸಿದ್ರು. ರಿಹರ್ಸಲ್ ಎಳೀತು, ನಾನು ಹೀರೋಯಿನ್ ನೋಡ್ತಾ ಲೈಟು ನೋಡೋದು ಬಿಟ್ಟೆ. ಅಷ್ಟರಲ್ಲಿ ಸೂರ್ಯ ಸರಿದು, ಅವಳ ಕೆನ್ನೆ ಮೇಲಿದ್ದ ಬೆಳಕು ಜಾರಿ ಕುತ್ತಿಗೆಗೆ ಬಂದಿತ್ತು, ಶಾಟ್ ಹಾಳು. ಕ್ಯಾಮೆರಾಮ್ಯಾನ್ ಎಲ್ಲರೆದುರು, “ಸೂರಜ್ ತೇರೇ ಬಾಪ್ ಕಾ ನೌಕರ್ ಹೈ ಕ್ಯಾ?” (ಸೂರ್ಯ ಏನು ನಿನ್ನಪ್ಪನ ಆಳಾ?) ಅಂದ್ರು. ಮಧ್ಯಾಹ್ನ ಮೀನಿನ ಊಟ ಗಂಟಲಲ್ಲಿ ಇಳೀಲಿಲ್ಲ. ಅವತ್ತಿಂದ ಆ ಹಾಡು ಬಂದಾಗೆಲ್ಲ ನನಗೆ ನೆನಪಾಗೋದು ಆ ಕನ್ನಡಿ ತಿರುಗಿಸ್ತಾ ಕೂತವನು, ಯಾರೋ ಏನೋ ಪಾಪ.

ಉಳಿದ ಪುಟ ಹಾಗೇ ಇರಲಿ, ಫಾಲ್ಕೆ ಪ್ರಶಸ್ತಿ ಪಡೆದ ಮೊದಲ ಕ್ಯಾಮೆರಾಮ್ಯಾನ್ ಅನ್ನೋದೆಲ್ಲ ಸರಿಯೇ ಉಂಟು. ಈ ಎರಡು ಪ್ಯಾರಾ ಮಾತ್ರ ಹರಿದು ಮತ್ತೆ ಬರೀರಿ. ಬರೆಯೋ ಮೊದಲು ಬಾಲ್ಕನಿಯಲ್ಲಿ ಒಂದು ಕನ್ನಡಿ ಇಟ್ಟು, ಗೋಡೆ ಮೇಲೆ ಬಿದ್ದ ಬಿಸಿಲಿನ ಸುತ್ತ ಪೆನ್ಸಿಲ್ ಗುರುತು ಹಾಕಿ, ಒಂದು ಚಾ ಕುಡಿದು ಬಂದು ನೋಡಿ. 20ನೇ ತಾರೀಖಿನೊಳಗೆ ಕಳಿಸಿ, ಆಮೇಲೆ ಜಾಗ ಇರೋದಿಲ್ಲ.