ಮೊಬೈಲ್‌ನ ತುರ್ತು ಕೂಗು: ನಮ್ಮ ನಂಬರ್ ಅವರಿಗೆ ಹೇಗೆ ಸಿಕ್ಕಿತು?

ಪ್ರಶ್ನೆ: 2023ರ ಅಕ್ಟೋಬರ್ 12ರಂದು ಸಾರಿಗೆ ಒಗ್ಗರಣೆ ಹಾಕುತ್ತಿದ್ದಾಗ, ಕಟ್ಟೆಯ ಮೇಲಿದ್ದ ನನ್ನ ಮೊಬೈಲ್ ಸೈಲೆಂಟ್‌ನಲ್ಲಿದ್ದರೂ ಕರ್ಕಶವಾಗಿ ಕೂಗಿಕೊಂಡು ಪರೀಕ್ಷಾರ್ಥ ಸಂದೇಶವೊಂದನ್ನು ತೋರಿಸಿತು. ನಮ್ಮೆಲ್ಲರ ನಂಬರ್ ಸರ್ಕಾರದ ಬಳಿ ಇದೆಯೆಂದು ನಮ್ಮ ಅತ್ತೆಯವರು ಇಂದಿಗೂ ಆತಂಕಪಡುತ್ತಾರೆ. ಮಗ ಅಂದೇ ಆ ಸೌಲಭ್ಯವನ್ನು ಆಫ್ ಮಾಡಿದ್ದಾನೆ. ಹಾಗೆ ಮಾಡಿದ್ದು ಸರಿಯೇ?
– ಓದುಗರೊಬ್ಬರು, ಬಸವನಗುಡಿ, ಬೆಂಗಳೂರು

ಉತ್ತರ: ನಿಮ್ಮ ಅತ್ತೆಯವರು ನಿಶ್ಚಿಂತೆಯಿಂದ ಇರಬಹುದು, ಆ ಸಂದೇಶ ಕಳುಹಿಸಲು ಯಾರೊಬ್ಬರ ನಂಬರೂ ಬೇಕಾಗಿರಲಿಲ್ಲ. ಎಸ್‌ಎಂಎಸ್ ಎಂಬುದು ಅಂಚೆಯವರು ವಿಳಾಸ ನೋಡಿ ಒಂದೊಂದೇ ಮನೆಗೆ ತಲುಪಿಸುವ ಕಾಗದವಿದ್ದಂತೆ. ನೀವು ಅಂದು ಕೇಳಿದ್ದು ‘ಸೆಲ್ ಬ್ರಾಡ್‌ಕಾಸ್ಟ್’, ಅಂದರೆ ಹಿಂದೆ ಊರ ನಡುವೆ ನಿಂತು ಡಂಗುರ ಸಾರುತ್ತಿದ್ದ ಪದ್ಧತಿಯ ಇಂದಿನ ರೂಪ. ಮೊಬೈಲ್ ಟವರ್ ತನ್ನ ವ್ಯಾಪ್ತಿಗೆಲ್ಲ ಒಂದೇ ಸಂದೇಶವನ್ನು ಸಾರುತ್ತದೆ. ಈ ಸೌಲಭ್ಯವಿರುವ ಫೋನ್‌ಗಳೆಲ್ಲ ಅದನ್ನು ಕೇಳಿಸಿಕೊಳ್ಳುತ್ತವೆ. ಯಾರು ಕೇಳಿಸಿಕೊಂಡರು ಎಂಬ ಲೆಕ್ಕ ಟವರ್‌ಗೆ ಮರಳಿ ಹೋಗುವುದಿಲ್ಲ. ಎಲ್ಲರೂ ಒಮ್ಮೆಗೇ ಕರೆ ಮಾಡತೊಡಗಿ ನೆಟ್‌ವರ್ಕ್ ಸಿಕ್ಕದೆ ಪರದಾಡುವ ಹೊತ್ತಿನಲ್ಲೂ ಈ ಸಂದೇಶಕ್ಕೆ ಅಡ್ಡಿಯಾಗದಿರುವುದು ಇದೇ ಕಾರಣಕ್ಕೆ.

ಇನ್ನೊಂದು ಅನುಕೂಲವೂ ಇದೆ. ನಿಗದಿಯಾದ ಅವಧಿ ಮುಗಿಯುವವರೆಗೆ ಟವರ್ ಅದೇ ಸಂದೇಶವನ್ನು ಮತ್ತೆ ಮತ್ತೆ ಸಾರುತ್ತಿರುತ್ತದೆ. ಪ್ರತಿ ಸಂದೇಶಕ್ಕೂ ಒಂದು ಕ್ರಮಸಂಖ್ಯೆ ಇರುವುದರಿಂದ, ಒಮ್ಮೆ ಕೇಳಿಸಿಕೊಂಡ ಫೋನ್ ಮತ್ತೆ ಕೂಗುವುದಿಲ್ಲ. ಆದರೆ ತುಮಕೂರಿನಿಂದ ರೈಲಿನಲ್ಲಿ ಬಂದು ಅರ್ಧ ಗಂಟೆ ತಡವಾಗಿ ಯಶವಂತಪುರದಲ್ಲಿ ಇಳಿದವರ ಫೋನ್ ಆಗ ಕೂಗುತ್ತದೆ.

ಅಂದಿನ ಪರೀಕ್ಷೆ ರಾಷ್ಟ್ರೀಯ ವಿಪತ್ತು ನಿರ್ವಹಣಾ ಪ್ರಾಧಿಕಾರ ಮತ್ತು ದೂರಸಂಪರ್ಕ ಇಲಾಖೆಯದು. ಇದರ ತಂತ್ರಜ್ಞಾನವನ್ನು ಸಿದ್ಧಪಡಿಸಿದ್ದು ಆ ಇಲಾಖೆಯದೇ ಸಂಶೋಧನಾ ಕೇಂದ್ರವಾದ ಸಿ-ಡಾಟ್ ಸಂಸ್ಥೆ. ಮಳೆ, ಚಂಡಮಾರುತಗಳ ಮುನ್ಸೂಚನೆಯನ್ನು ಹವಾಮಾನ ಇಲಾಖೆಯೂ, ನದಿಗಳ ಪ್ರವಾಹದ ಮಾಹಿತಿಯನ್ನು ಕೇಂದ್ರ ಜಲ ಆಯೋಗವೂ, ಸುನಾಮಿಯ ಸುಳಿವನ್ನು ಸಾಗರದ ಮಾಹಿತಿ ನೀಡುವ ಹೈದರಾಬಾದಿನ ಇನ್‌ಕಾಯ್ಸ್ ಸಂಸ್ಥೆಯೂ ನೀಡುತ್ತವೆ. ‘ಸಚೇತ್’ ಎಂಬ ವೇದಿಕೆ ಇವೆಲ್ಲವನ್ನೂ ಒಂದೇ ನಮೂನೆಗೆ ತಂದು, ಅಪಾಯವಿರುವ ಪ್ರದೇಶದ ಜನರಿಗಷ್ಟೇ ತಲುಪಿಸಲು ನೆರವಾಗುತ್ತದೆ.

ಅಷ್ಟೊಂದು ಕರ್ಕಶ ಸದ್ದು ಏಕೆ ಎನ್ನುವುದಕ್ಕೆ ಜಪಾನಿನಲ್ಲಿ ಉತ್ತರವಿದೆ. ಭೂಕಂಪದಲ್ಲಿ ಮೊದಲು ಬರುವ ಸಣ್ಣ ಅಲೆಗಳನ್ನು ಉಪಕರಣಗಳಿಂದ ಗುರುತಿಸಿ, ಹಿಂದೆ ಬರುವ ವಿನಾಶಕಾರಿ ಅಲೆಗಳು ಮುಟ್ಟುವ ಮೊದಲೇ ಜನರನ್ನು ಎಚ್ಚರಿಸುವ ವ್ಯವಸ್ಥೆ ಅಲ್ಲಿ 2007ರಿಂದ ಸಾರ್ವಜನಿಕ ಬಳಕೆಯಲ್ಲಿದೆ. ಅದರಿಂದ ಸಿಗುವ ಬಿಡುವು ಕೆಲವೇ ಸೆಕೆಂಡುಗಳದು. ಮೇಜಿನ ಕೆಳಗೆ ನುಸುಳಲು, ಒಲೆ ಆರಿಸಲು ಅಷ್ಟು ಸಾಕು. ಫೋನ್ ಎಲ್ಲಿದೆಯೆಂದು ಹುಡುಕುತ್ತ ಕೂರಲು ಸಾಲದು.

ಯಂತ್ರಕ್ಕಿಂತ ಕಷ್ಟದ ಕೆಲಸ ಸಂದೇಶ ಬರೆಯುವವರದು ಎಂದು ನನಗೆ ಬಲವಾಗಿ ಅನ್ನಿಸುತ್ತದೆ. 2018ರ ಜನವರಿ 13ರ ಬೆಳಗ್ಗೆ ಅಮೆರಿಕದ ಹವಾಯಿ ದ್ವೀಪಗಳ ಜನರಿಗೆ ಕ್ಷಿಪಣಿ ದಾಳಿಯ ಎಚ್ಚರಿಕೆ ತಪ್ಪಾಗಿ ಹೋಯಿತು. ಅದು ಸುಳ್ಳೆಂಬ ಸಂದೇಶ ಜನರ ಫೋನಿಗೆ ತಲುಪಿದ್ದು 38 ನಿಮಿಷಗಳ ನಂತರ, ಏಕೆಂದರೆ ತಪ್ಪನ್ನು ತಿದ್ದುವ ಸಂದೇಶವನ್ನು ಯಾರೂ ಮೊದಲೇ ಸಿದ್ಧಪಡಿಸಿಟ್ಟಿರಲಿಲ್ಲ. ನಮ್ಮ ಊರಿನ ಮಾತಿಗೆ ಬಂದರೆ, 2022ರ ಸೆಪ್ಟೆಂಬರ್‌ನಲ್ಲಿ ಬೆಳ್ಳಂದೂರು, ಸರ್ಜಾಪುರ ರಸ್ತೆಯ ಕಡೆ ನೀರು ನುಗ್ಗಿ ಜನರನ್ನು ಟ್ರ್ಯಾಕ್ಟರ್, ದೋಣಿಗಳಲ್ಲಿ ಹೊರತರಬೇಕಾಯಿತು. ಅಂಥ ರಾತ್ರಿ ‘ಭಾರಿ ಮಳೆಯ ಸಾಧ್ಯತೆ’ ಎಂದಷ್ಟೇ ಬಂದರೆ ಓದಿದವರು ಮತ್ತೆ ಮಲಗುತ್ತಾರೆ. ಯಾವ ಬಡಾವಣೆಗೆ, ಎಷ್ಟು ಗಂಟೆಯೊಳಗೆ ನೀರು ಬರಬಹುದು, ನೆಲಮಹಡಿಯವರು ಎಲ್ಲಿಗೆ ಹೋಗಬೇಕು, ಯಾವ ಅಂಡರ್‌ಪಾಸ್‌ಗೆ ವಾಹನ ಇಳಿಸಬಾರದು ಎಂಬುದು ಕನ್ನಡದಲ್ಲಿ, ನಾಲ್ಕು ಸಾಲಿನಲ್ಲಿ ಬರಬೇಕು.

ಆದ್ದರಿಂದ ನಿಮ್ಮ ಮಗನಿಗೆ ಹೇಳಿ ಆ ಸೌಲಭ್ಯವನ್ನು ಮತ್ತೆ ಆನ್ ಮಾಡಿಸಿಕೊಳ್ಳಿ. ಸಾಮಾನ್ಯವಾಗಿ ಸೆಟ್ಟಿಂಗ್ಸ್‌ನಲ್ಲಿ ‘ವೈರ್‌ಲೆಸ್ ಎಮರ್ಜೆನ್ಸಿ ಅಲರ್ಟ್ಸ್’ ಎಂಬಲ್ಲಿ ಅದು ಸಿಗುತ್ತದೆ. ಹಲವು ಫೋನ್‌ಗಳಲ್ಲಿ ಪರೀಕ್ಷಾ ಸಂದೇಶಕ್ಕೆ ಬೇರೆಯೇ ಗುಂಡಿ ಇರುವುದರಿಂದ, ಬೇಡವಾದರೆ ಅದೊಂದನ್ನೇ ಆಫ್ ಇಡಬಹುದು. ಫೋನ್ ಸ್ವಿಚ್ ಆಫ್ ಆಗಿದ್ದರೆ ಅಥವಾ ಏರೋಪ್ಲೇನ್ ಮೋಡ್‌ನಲ್ಲಿದ್ದರೆ ಯಾವ ಎಚ್ಚರಿಕೆಯೂ ಬಾರದು. ಮಳೆಗಾಲದ ರಾತ್ರಿಗಳಲ್ಲಿ ಇದು ನೆನಪಿರಲಿ. ಅತ್ತೆಯವರ ಬಳಿ ಹಳೆಯ ಗುಂಡಿ ಫೋನ್ ಇದ್ದರೆ ಅದು ಕೂಗದೆಯೂ ಇರಬಹುದು. ನಿಮ್ಮ ಫೋನ್ ಕೂಗಿದಾಗ ಅದನ್ನು ಅವರಿಗೆ ಓದಿ ಹೇಳುವವರು ಯಾರು, ಕೈಹಿಡಿದು ಮಹಡಿಗೆ ಕರೆದೊಯ್ಯುವವರು ಯಾರು ಎಂಬುದನ್ನು ಈ ವಾರವೇ ಮನೆಯಲ್ಲಿ ಕೂತು ಮಾತಾಡಿಕೊಳ್ಳಿ.