ತೆರೆಯ ಮೇಲೆ ತಾವಾಗಿ, ಸಂಗ್ರಹದ ತುಣುಕಾಗಿ

ಪ್ರಶ್ನೆ: ಕೋಲಾರ ಜಿಲ್ಲೆಯ ಸಿನಿಮಾ ಕಲಾವಿದರ ಕುರಿತು ನಮ್ಮ ಸಂಘವು ಕಿರುಪುಸ್ತಕವೊಂದನ್ನು ಸಿದ್ಧಪಡಿಸುತ್ತಿದೆ. ಚಲನಚಿತ್ರ ಮಾಹಿತಿಯ ಜಾಲತಾಣವಾದ ಐಎಂಡಿಬಿಯ ಪಟ್ಟಿಯಲ್ಲಿ ಕೆಲವು ಚಿತ್ರಗಳ ಮುಂದೆ ಪಾತ್ರದ ಹೆಸರಿಗೆ ಬದಲಾಗಿ ‘ಸೆಲ್ಫ್’ ಎಂದೂ ಕೆಲವುಗಳ ಮುಂದೆ ‘ಆರ್ಕೈವ್ ಫೂಟೇಜ್’ ಎಂದೂ ಇರುತ್ತದೆ. ವ್ಯತ್ಯಾಸವೇನು? ಕಲಾವಿದರ ನಿಧನಾನಂತರ ತೆರೆಕಂಡ ಚಿತ್ರಗಳು ಎರಡನೆಯ ಗುಂಪಿಗೆ ಸೇರುತ್ತವೆಯೇ? ಒಟ್ಟು ಚಿತ್ರಗಳ ಲೆಕ್ಕದಲ್ಲಿ ಇವನ್ನೂ ಹಿಡಿಯಬಹುದೇ?
— ಓದುಗರೊಬ್ಬರು, ಮುಳಬಾಗಿಲು

ಉತ್ತರ: ‘ಸೆಲ್ಫ್’ ಎಂಬುದು ಸುಲಭ. ಸಂದರ್ಶನ, ಪ್ರಶಸ್ತಿ ಸಮಾರಂಭ, ಸಾಕ್ಷ್ಯಚಿತ್ರಗಳಲ್ಲಿ ವ್ಯಕ್ತಿಯು ಯಾವ ಪಾತ್ರವನ್ನೂ ಧರಿಸದೆ ತಾವಾಗಿಯೇ ಕಾಣಿಸಿಕೊಂಡರೆ ಹಾಗೆ ನಮೂದಿಸುತ್ತಾರೆ. ತೊಡಕಿರುವುದು ಎರಡನೆಯದರಲ್ಲಿ. ‘ಆರ್ಕೈವ್ ಫೂಟೇಜ್’ ಎಂದರೆ ಸಂಗ್ರಹದ ತುಣುಕು, ಬೇರೆಡೆಗಾಗಿ ಹಿಂದೆ ಚಿತ್ರೀಕರಿಸಿದ ದೃಶ್ಯದ ಮರುಬಳಕೆ. ಅದನ್ನು ನಿರ್ಧರಿಸುವುದು ಕಲಾವಿದರು ಬದುಕಿದ್ದಾರೆಯೇ ಎಂಬ ಸಂಗತಿಯಲ್ಲ, ಆ ದೃಶ್ಯವನ್ನು ಮೊದಲು ಯಾವ ಚಿತ್ರಕ್ಕಾಗಿ ಚಿತ್ರೀಕರಿಸಲಾಗಿತ್ತು ಎಂಬುದು.

ನಿಮ್ಮ ಮುಳಬಾಗಿಲು ಸೀಮೆಯವರೇ ಆದ ಸೌಂದರ್ಯ ಅವರು 2004ರ ಏಪ್ರಿಲ್‌ನಲ್ಲಿ ವಿಮಾನ ಅಪಘಾತದಲ್ಲಿ ತೀರಿಕೊಂಡರು. ‘ಆಪ್ತಮಿತ್ರ’ ತೆರೆಕಂಡಿದ್ದು ಅದೇ ವರ್ಷದ ಆಗಸ್ಟ್‌ನಲ್ಲಿ. ಅವರು ಅದೇ ಚಿತ್ರಕ್ಕಾಗಿ ನಟಿಸಿದ್ದರಿಂದ ಅದು ಸಂಪೂರ್ಣವಾಗಿ ನಟನೆಯ ಲೆಕ್ಕಕ್ಕೇ ಸೇರಬೇಕು. ಪುನೀತ್ ರಾಜ್‌ಕುಮಾರ್ ಅವರು ಅಗಲಿದ ಮರುವರ್ಷ, 2022ರಲ್ಲಿ ಬಂದ ‘ಗಂಧದ ಗುಡಿ’ಯಲ್ಲಿ ಅವರು ಕಾಡು ಸುತ್ತುವ ಪುನೀತ್ ಆಗಿಯೇ ಇದ್ದಾರೆ, ಅಲ್ಲಿ ‘ಸೆಲ್ಫ್’ ಸರಿಯಾಗುತ್ತದೆ, ‘ಆರ್ಕೈವ್’ ಅಲ್ಲ.

ಇದಕ್ಕೆ ತಿರುಗುಮುರುಗಾದ ಉದಾಹರಣೆ 2007ರ ಹಿಂದಿ ಚಿತ್ರ ‘ಓಂ ಶಾಂತಿ ಓಂ’. ಅದರ ಒಂದು ಹಾಡಿನಲ್ಲಿ ಸುನಿಲ್ ದತ್, ರಾಜೇಶ್ ಖನ್ನಾ, ಜಿತೇಂದ್ರ ಅವರ ಹಳೆಯ ಚಿತ್ರಗಳ ತುಣುಕುಗಳಲ್ಲಿ ದೀಪಿಕಾ ಪಡುಕೋಣೆಯವರನ್ನು ಕೂಡಿಸಲಾಗಿದೆ; ಇನ್ನೊಂದು ಹಾಡಿನ ಔತಣಕೂಟಕ್ಕೆ ಹತ್ತಾರು ತಾರೆಯರು ತಾವಾಗಿಯೇ ಬರುತ್ತಾರೆ. ಜಿತೇಂದ್ರ ಎರಡರಲ್ಲೂ ಇದ್ದಾರೆ, ಅಂದರೆ ಒಂದೇ ಚಿತ್ರದಲ್ಲಿ ಒಬ್ಬರಿಗೇ ಎರಡೂ ನಮೂದು ಸಲ್ಲುತ್ತದೆ! ಮಹಾತ್ಮ ಗಾಂಧಿಯವರ ಹಳೆಯ ವಾರ್ತಾಚಿತ್ರದ ತುಣುಕನ್ನು ಇಂದಿನ ಚಿತ್ರವೊಂದರಲ್ಲಿ ಬಳಸಿದರೆ, ಎರಡೂ ಗುರುತುಗಳು ಆ ಒಂದೇ ದೃಶ್ಯಕ್ಕೆ ಒಟ್ಟಾಗಿ ಬೀಳುತ್ತವೆ. ಆದರೆ ಒಂದು ಚಿತ್ರಕ್ಕೆಂದು ತೆಗೆದ ದೃಶ್ಯವು ಅದೇ ಚಿತ್ರದಲ್ಲಿ ಮುಂದೆ ಫ್ಲ್ಯಾಶ್‌ಬ್ಯಾಕ್ ಆಗಿ ಮರಳಿದರೆ ಅದು ಸಂಗ್ರಹದ ತುಣುಕಲ್ಲ.

ಲೆಕ್ಕದ ವಿಚಾರದಲ್ಲಿ ನನ್ನ ಅಭಿಪ್ರಾಯ ಖಚಿತವಾಗಿದೆ: ‘ನಟಿಸಿದ ಚಿತ್ರಗಳು’ ಎಂಬ ಸಂಖ್ಯೆಗೆ ಇವೆರಡನ್ನೂ ಸೇರಿಸಬೇಡಿ. ಅಭಿಮಾನದ ಭರದಲ್ಲಿ ನಮ್ಮಲ್ಲಿ ಸಂಖ್ಯೆಗಳು ಉಬ್ಬುವುದೇ ಹೀಗೆ. ತಾವಾಗಿ ಕಾಣಿಸಿಕೊಂಡವುಗಳಿಗೆ ಪ್ರತ್ಯೇಕ ಪಟ್ಟಿ ಮಾಡಿ. ಸಂಗ್ರಹದ ತುಣುಕುಗಳ ಮುಂದೆ ಮೂಲ ಚಿತ್ರದ ಹೆಸರನ್ನೂ ವರ್ಷವನ್ನೂ ಬರೆಯಿರಿ.

ಈ ಯಾವ ಗುಂಪಿಗೂ ಸೇರದ ಸಂದರ್ಭವೂ ಉಂಟು. 2009ರಲ್ಲಿ ನಿಧನರಾದ ವಿಷ್ಣುವರ್ಧನ್ ಅವರ ರೂಪವನ್ನು 2016ರ ‘ನಾಗರಹಾವು’ ಚಿತ್ರಕ್ಕಾಗಿ ಕಂಪ್ಯೂಟರ್ ಗ್ರಾಫಿಕ್ಸ್ ಮೂಲಕ ಮರುಸೃಷ್ಟಿಸಲಾಯಿತು. ಅದಕ್ಕಾಗಿ ಅವರು ನಟಿಸಿರಲಿಲ್ಲ, ಅದು ಹಳೆಯ ದೃಶ್ಯದ ಮರುಬಳಕೆಯೂ ಅಲ್ಲ. ನಿಮ್ಮ ಪಟ್ಟಿಯಲ್ಲಿ ಅಂಥದ್ದೇನಾದರೂ ಸಿಕ್ಕರೆ ‘ಗ್ರಾಫಿಕ್ಸ್ ರೂಪದಲ್ಲಿ’ ಎಂದು ಅಡಿಟಿಪ್ಪಣಿ ಕೊಡುವುದು ಸೂಕ್ತ.