ಸ್ಟೀಮ್‌ನಲ್ಲಿ ಫಾಲೋ ಮಾಡಿದ ಆಟಗಳ ಪಟ್ಟಿ ಎಲ್ಲಿದೆ?

ಕಂಪ್ಯೂಟರ್ ಆಟಗಳ ಆನ್‌ಲೈನ್ ಅಂಗಡಿಯಾದ ಸ್ಟೀಮ್‌ನಲ್ಲಿ ಫಾಲೋ ಮಾಡಿದ ಆಟಗಳು ವಿಶ್‌ಲಿಸ್ಟ್‌ನಲ್ಲಿ (ಕೊಳ್ಳಬೇಕೆಂದು ಗುರುತಿಟ್ಟ ಆಟಗಳ ಪಟ್ಟಿ) ಕಾಣುತ್ತಿಲ್ಲ ಎಂದು ಕೇಳಿದ್ದೀರಿ. ಕಾಣುವುದೂ ಇಲ್ಲ, ಎರಡೂ ಬೇರೆ ಬೇರೆ ಪಟ್ಟಿಗಳು. ಹುಬ್ಬಳ್ಳಿಯ ವಿದ್ಯಾನಗರದ ನನ್ನ ಕೋಣೆಯಲ್ಲಿ ನಾನೂ ಒಂದು ರಾತ್ರಿ ಇದಕ್ಕಾಗಿ ಅಂಗಡಿಯ ಪುಟಗಳನ್ನೆಲ್ಲ ಜಾಲಾಡಿದ್ದೆ. ಪಟ್ಟಿ ಇದ್ದದ್ದು ಅಂಗಡಿಯಲ್ಲಲ್ಲ, ನನ್ನದೇ ಪ್ರೊಫೈಲ್‌ನಲ್ಲಿ!

ಮೇಲ್ಗಡೆ ಕಾಣುವ ನಿಮ್ಮ ಹೆಸರಿನಿಂದ ಪ್ರೊಫೈಲ್ ತೆರೆಯಿರಿ. ಬಲಬದಿಯಲ್ಲಿ ‘ಗೇಮ್ಸ್’ ಒತ್ತಿದರೆ ನಿಮ್ಮ ಆಟಗಳ ಪುಟ ಬರುತ್ತದೆ. ಅಲ್ಲಿನ ‘ಫಾಲೋಡ್’ ಟ್ಯಾಬ್‌ನಲ್ಲಿ ಎಲ್ಲವೂ ಇವೆ. ಬೇಡವಾದ ಆಟದ ಅಂಗಡಿ ಪುಟಕ್ಕೆ ಹೋಗಿ ‘ಫಾಲೋಯಿಂಗ್’ ಗುಂಡಿಯನ್ನು ಮತ್ತೊಮ್ಮೆ ಒತ್ತಿದರೆ ಅದು ಪಟ್ಟಿಯಿಂದ ಹೋಗುತ್ತದೆ.

ಫಾಲೋ ಇರುವುದು ಸುದ್ದಿಗೆ: ಹೊಸ ಅಪ್‌ಡೇಟ್, ತಯಾರಕರ ಪ್ರಕಟಣೆ ಇತ್ಯಾದಿ ಸ್ಟೀಮ್‌ನ ಸುದ್ದಿ ಪುಟವಾದ ನ್ಯೂಸ್ ಹಬ್‌ನಲ್ಲಿ ಬರುತ್ತವೆ. ಬೆಲೆ ಇಳಿದಾಗ ಇಮೇಲ್ ಬೇಕೆಂದರೆ ವಿಶ್‌ಲಿಸ್ಟ್‌ಗೇ ಸೇರಿಸಬೇಕು. ಧಾರವಾಡದ ನನ್ನ ಗೆಳೆಯ ಕಂಡಕಂಡ ಆಟವನ್ನೆಲ್ಲ ಫಾಲೋ ಮಾಡಿ, ರಿಯಾಯಿತಿಯ ಸುದ್ದಿಯೇ ಬರಲಿಲ್ಲವೆಂದು ಗೊಣಗುತ್ತಿದ್ದ. ಕೊಳ್ಳುವ ಆಟಕ್ಕೆ ವಿಶ್‌ಲಿಸ್ಟ್, ಈಗಾಗಲೇ ಆಡುತ್ತಿರುವುದಕ್ಕೆ ಅಥವಾ ಇನ್ನೂ ತಯಾರಾಗುತ್ತಿರುವುದಕ್ಕೆ ಫಾಲೋ. ನಾನು ಹೀಗೆ ಇಟ್ಟುಕೊಂಡಿದ್ದೇನೆ.